ದಿನಕ್ಕೊಂದೇ ಸುಳ್ಳು

ಮೊನ್ನೆ ನೆಲ್ಯಾಡಿಯಲ್ಲಿ ಒಂದು ಸಭೆ ನಡೆಸಿಕೊಡಲು ಹೋಗಿದ್ದೆ. ಮೈಕಿನ ಮುಂದೆ ನಿಂತು "ಎಲ್ಲರಿಗೂ ನಮಸ್ಕಾರ" ಎಂದದ್ದಷ್ಟೆ, ಕುರ್ಚಿಯಲ್ಲಿದ್ದವರೆಲ್ಲ ನಕ್ಕರು. ನಮಸ್ಕಾರದಲ್ಲಿ ನಗುವಂಥದ್ದು ಏನಿದೆಯೆಂದು ನನಗೆ ಇನ್ನೂ ತಿಳಿದಿಲ್ಲ. ಆಮೇಲೆ ಕೈಗೆ ಕೊಟ್ಟಿದ್ದ ಚೀಟಿ ನೋಡಿ, ವೇದಿಕೆಯಲ್ಲಿದ್ದ ನಾಯಕರನ್ನು "ಹಗಲಿರುಳು ಜನರಿಗಾಗಿ ದುಡಿಯುವವರು" ಎಂದು ಕರೆದೆ. ಇನ್ನೂ ಜೋರಾಗಿ ನಕ್ಕರು. ನಾಯಕರೂ ನಕ್ಕು, ಪಕ್ಕದವರಿಗೆ "ಇವರನ್ನು ಕಟ್ಟಿಹಾಕ್ಲಿಕ್ಕೆ ಆಗುದಿಲ್ಲ ಮಾರಾಯ್ರೆ" ಎಂದು ಹೇಳಿದ್ದು ಮೈಕಿನಲ್ಲೇ ಕೇಳಿಸಿತು. ಕಟ್ಟಿಹಾಕಿ ಒಂದು ವರ್ಷವಾಯಿತು. ಕಟ್ಟಿದವರಲ್ಲಿ ಅವರೂ ಒಬ್ಬರು, ನಾನೂ ಒಬ್ಬ.

ನನ್ನ ಕೆಲಸ ಏನೆಂದು ಯಾರಾದರೂ ಕೇಳಿದರೆ ನಾನು ಮೊದಲಿನಿಂದಲೂ ತಡವರಿಸುವವನೇ. ಪುತ್ತೂರಿನ ಒಂದು ಕೇಬಲ್ ಚಾನೆಲ್ಲಿನಲ್ಲಿ ಭಾನುವಾರಕ್ಕೊಮ್ಮೆ ಅರ್ಧ ಗಂಟೆ ವಾರ್ತೆ ಓದುತ್ತಿದ್ದೆ. ವಾರ್ತೆಯ ಹಾಗೆ ಕಾಣುವ ಲೇವಡಿ ಅದು. ಊರಿನ ರಸ್ತೆ, ನೀರು, ಪಂಚಾಯತು, ಚುನಾವಣೆ, ಉದ್ಘಾಟನೆ, ಯಾವುದನ್ನೂ ಬಿಡುತ್ತಿರಲಿಲ್ಲ. ಅದೇ ಸರಕನ್ನು ಯುವಕ ಮಂಡಲಗಳ ವಾರ್ಷಿಕೋತ್ಸವಗಳಲ್ಲಿ ನಿಂತುಕೊಂಡು ಹೇಳುತ್ತಿದ್ದೆ. ಹೆಣ್ಣು ನೋಡಲು ಹೋದ ಒಂದು ಮನೆಯಲ್ಲಿ ಹುಡುಗಿಯ ತಂದೆ "ಹುಡುಗನಿಗೆ ಎಂತ ಕೆಲಸ?" ಎಂದು ಕೇಳಿದರು. ಜೊತೆಗೆ ಬಂದಿದ್ದವರು "ಟಿವಿಯಲ್ಲಿ ವಾರ್ತೆ ಓದುದು" ಎಂದರು. "ನಿಜವಾದ ವಾರ್ತೆಯಾ?" ಎಂದು ಅವರು ನನ್ನ ಮುಖ ನೋಡಿದರು. "ಒಂದು ಬಿಟ್ಟು ಉಳಿದದ್ದೆಲ್ಲ ನಿಜ" ಎಂದೆ. ಆ ಮನೆಯ ಚಹಾ ಚೆನ್ನಾಗಿತ್ತು, ಸಂಬಂಧ ಅಲ್ಲಿಗೇ ಮುಗಿಯಿತು.

ಆದರೆ ನಾನು ಹೇಳಿದ್ದು ತಮಾಷೆಯಲ್ಲ. ನನ್ನ ವಾರ್ತೆಯ ಕಟ್ಟಳೆಯೇ ಅದು. ಅದನ್ನು ನಾನು ಕಲಿತದ್ದು ನಮ್ಮ ಮನೆಯ ಜಗಲಿಯಲ್ಲಿ.

ಪುತ್ತೂರಿನಿಂದ ಸುಳ್ಯಕ್ಕೆ ಹೋಗುವ ರಸ್ತೆಯಲ್ಲಿ, ಪೇಟೆ ಮುಗಿದ ಮೇಲೆ ಸ್ವಲ್ಪ ದೂರಕ್ಕೆ ನಮ್ಮ ಮನೆ. ಅಮ್ಮ ಬೀಡಿ ಕಟ್ಟುತ್ತಿದ್ದರು, ಈಗಲೂ ಕಟ್ಟುತ್ತಾರೆ. ಪಕ್ಕದ ಮುಸ್ಲಿಂ ಮನೆಯ ಬ್ಯಾರಿ ಅಕ್ಕನೂ ಇನ್ನಿಬ್ಬರು ಮೂವರು ಹೆಂಗಸರೂ ಮಧ್ಯಾಹ್ನದ ಊಟ ಮುಗಿಸಿ, ಎಲೆ ಹೊಗೆಸೊಪ್ಪು ತುಂಬಿದ ಮೊರ ಹಿಡಿದುಕೊಂಡು ನಮ್ಮ ಜಗಲಿಗೇ ಬರುತ್ತಿದ್ದರು. ಬೀಡಿ ಕಟ್ಟುವವರಿಗೆ ಕೈಗೂ ಕಣ್ಣಿಗೂ ಪುರುಸೊತ್ತಿಲ್ಲ. ಖಾಲಿ ಇರುವುದು ಕಿವಿ ಮಾತ್ರ. ಹಾಗಾಗಿ ಓದಲು ಬರುವ ಮಗು ಯಾವ ಮನೆಯಲ್ಲಿದೆಯೋ ಆ ಮನೆಯ ಜಗಲಿಗೆ ಬೇಡಿಕೆ. ಶಾಲೆ ಬಿಟ್ಟು ಬಂದ ಮೇಲೆ ನಾನು ಪೇಪರು ಓದಬೇಕು. ಪೇಪರು ಕನ್ನಡದ್ದು, ಜಗಲಿಯ ಮಾತು ತುಳು. ಅರ್ಥವಾಗದ್ದನ್ನು ಅಲ್ಲೇ ತುಳುವಿಗೆ ತಿರುಗಿಸಿ ಹೇಳುವುದೂ ನನ್ನದೇ ಕೆಲಸ. ಜಗಲಿಯಲ್ಲಿ ಆಡಿದ ಮಾತನ್ನು ಇಲ್ಲಿ ಕನ್ನಡ ಮಾಡಿ ಬರೆಯುತ್ತಿದ್ದೇನೆ.

ಪೇಪರಿನಲ್ಲಿ ದಿನವೂ ಅದೇ. ಅವರು ಮನವಿ ಸಲ್ಲಿಸಿದರು, ಇವರು ಭರವಸೆ ನೀಡಿದರು, ಮತ್ತೊಬ್ಬರು ಕಳವಳ ವ್ಯಕ್ತಪಡಿಸಿದರು. ಐದನೇ ತರಗತಿಯ ನನಗೆ ಅದನ್ನು ಓದಿ ಓದಿ ಸಿಟ್ಟು ಬಂತು. ಒಂದು ದಿನ ನಡುವೆ ನನ್ನದೇ ಒಂದು ಸೇರಿಸಿದೆ. "ಪುತ್ತೂರು ಬಸ್‌ಸ್ಟ್ಯಾಂಡಿನಲ್ಲಿ ಬಸ್ಸಿಗಾಗಿ ಕಾದು ಸುಸ್ತಾಗುವ ಪ್ರಯಾಣಿಕರಿಗೆ ಇನ್ನು ಮುಂದೆ ಸರಕಾರದ ವತಿಯಿಂದ ಚಾಪೆ ಮತ್ತು ತಲೆದಿಂಬು ನೀಡಲಾಗುವುದು." ಯಾರೂ ತಲೆ ಎತ್ತಲಿಲ್ಲ. ಸ್ವಲ್ಪ ಹೊತ್ತಿನ ಮೇಲೆ ಅಮ್ಮ, ಬೀಡಿಗೆ ನೂಲು ಸುತ್ತುತ್ತಲೇ, "ಆ ಚಾಪೆಯದ್ದು ಪೇಪರಿನವರದ್ದಲ್ಲ, ಇವನದ್ದು" ಎಂದರು. ಬ್ಯಾರಿ ಅಕ್ಕ ನಕ್ಕ ನಗುವಿಗೆ ಮೊರದಲ್ಲಿದ್ದ ಹೊಗೆಸೊಪ್ಪು ಹಾರಿ ಎಲ್ಲರೂ ಸೀನಿದರು. ನನ್ನ ಜೀವನದ ಮೊದಲ ನಗು ಅದು. ಆ ನಗುವಿನ ಹಿಂದೆಯೇ ಇಷ್ಟು ವರ್ಷ ಓಡಿದ್ದೇನೆ.

ಅವತ್ತೇ ಅಮ್ಮ ಕಟ್ಟಳೆ ಹಾಕಿದರು. ದಿನಕ್ಕೆ ಒಂದೇ ಸುಳ್ಳು. "ಜಾಸ್ತಿ ಆದ್ರೆ ಪೇಪರಿಗೂ ನಿಂಗೂ ಎಂತ ವ್ಯತ್ಯಾಸ?" ಎಂದು ಕೇಳಿದರು. ಯಾವುದು ಸುಳ್ಳೆಂದು ಹೆಂಗಸರು ಕಂಡುಹಿಡಿಯಬೇಕು. ಸಿಗದಿದ್ದರೆ, ಅವರು ಬೀಡಿಯ ಕಟ್ಟು ಹಿಡಿದುಕೊಂಡು ಏಳುವ ಮೊದಲು ನಾನೇ ಹೇಳಬೇಕು. ಸುಳ್ಳು ಜಗಲಿ ಇಳಿದು ಹೋಗಬಾರದು. ಅಮ್ಮ ಜಗಲಿಯಲ್ಲಿ ಇಲ್ಲದ ಒಂದು ದಿನ ನಾನು ಹೇಳಲು ಮರೆತೆ. ಕಟ್ಟಿದ ಬೀಡಿಯನ್ನು ಒಪ್ಪಿಸುವ ಬ್ರಾಂಚಿಗೆ ನಾಳೆ ರಜೆ ಎಂದು ಓದಿದ್ದೆ. ಬ್ಯಾರಿ ಅಕ್ಕ ಅದನ್ನು ದಾರಿಯಲ್ಲಿ ಸಿಕ್ಕಿದವರಿಗೆಲ್ಲ ಹೇಳಿದರು, ಮರುದಿನ ಅರ್ಧ ಊರಿನ ಬೀಡಿ ಮನೆಯಲ್ಲೇ ಉಳಿಯಿತು. ಅಮ್ಮ ನನಗೆ ಹೊಡೆಯಲಿಲ್ಲ. ಮನೆಮನೆಗೆ ಕರೆದುಕೊಂಡು ಹೋಗಿ "ಅದು ನನ್ನ ಸುಳ್ಳು" ಎಂದು ನನ್ನ ಬಾಯಿಂದಲೇ ಹೇಳಿಸಿದರು.

ನನ್ನ ಸುಳ್ಳನ್ನು ಹಿಡಿಯುವುದರಲ್ಲಿ ಅಮ್ಮ ಒಮ್ಮೆಯೂ ಸೋತವರಲ್ಲ. ಹೇಗೆಂದು ಕೇಳಿದ್ದಕ್ಕೆ ಬಹಳ ದಿನ ಹೇಳಲಿಲ್ಲ. ನಾನು ಕಾಲೇಜಿಗೆ ಸೇರಿದ ಮೇಲೆ ಒಮ್ಮೆ ಬಾಯಿಬಿಟ್ಟರು. "ನಿಜ ಓದುವಾಗ ನೀನು ಎಡವುತ್ತಿ. ಸುಳ್ಳು ಬಂತು ಅಂದ್ರೆ ಭಾರೀ ಚೆಂದ ಓದ್ತಿ."

ಕೇಬಲ್ಲಿನಲ್ಲಿ ನಾನು ಮಾಡಿದ್ದು ಇದನ್ನೇ. ವಾರಕ್ಕೆ ಒಂಬತ್ತು ಹತ್ತು ವಾರ್ತೆ, ಅದರಲ್ಲಿ ಒಂದೇ ಒಂದು ನನ್ನ ಕೈಯ ಕಟ್ಟುಕತೆ. ಯಾವುದೆಂದು ಜನ ಫೋನ್ ಮಾಡಿ ಹೇಳಬೇಕು. ಕಾರ್ಯಕ್ರಮ ಮುಗಿಯುವ ಮೊದಲು ನಾನು ಉತ್ತರ ಹೇಳುತ್ತಿದ್ದೆ. ಜನರಿಗೆ ಇದು ಹಿಡಿಸಿತು. ಬಸ್ಸೇ ಬರದ ದಾರಿಯಲ್ಲಿ ಬಸ್ ತಂಗುದಾಣದ ಉದ್ಘಾಟನೆ ಎಂದು ಓದಿದರೆ ಎಲ್ಲರೂ ಅದೇ ಸುಳ್ಳೆನ್ನುವರು. ಅದು ನಿಜವಾಗಿರುತ್ತಿತ್ತು. ಸ್ಟುಡಿಯೋ ಇದ್ದದ್ದು ಒಂದು ಅಡಿಕೆ ಮಂಡಿಯ ಮಾಳಿಗೆಯಲ್ಲಿ. ಕೆಳಗೆ ಅಡಿಕೆ ಸುರಿಯುವ ಸದ್ದು ಬಂದಾಗ ಕ್ಯಾಮೆರಾದವನು ಕೈ ಎತ್ತುವನು, ನಾನು ನಿಲ್ಲಿಸುವೆ. ಆ ಸದ್ದನ್ನೂ ಸೇರಿಸಿ ನನಗೆ ಆ ಕೋಣೆಯ ಮೇಲೆ ಪ್ರೀತಿ ಇತ್ತು. ಬೇರೆ ಯಾವ ಕೆಲಸವೂ ನನಗೆ ಬರುವುದಿಲ್ಲ ಎಂಬುದನ್ನೂ ಇಲ್ಲಿ ಹೇಳಿಬಿಡಬೇಕು.

ಕಡಬದ ಕಡೆಯ ಒಂದು ಊರಿನಲ್ಲಿ ಹೊಳೆಗೆ ಸೇತುವೆ ಬೇಕೆಂದು ಜನ ಕೇಳುತ್ತಲೇ ಇದ್ದರು. ಅದೇ ಸೇತುವೆಗೆ ಮೂರು ಸಲ ಶಂಕುಸ್ಥಾಪನೆ ಆಗಿತ್ತು. ಮೂರು ಸಲವೂ ಕರಿಕಲ್ಲಿನ ಫಲಕದಲ್ಲಿ ನಾನು ಮೊದಲು ಹೇಳಿದ ಅದೇ ನಾಯಕರ ಹೆಸರು. ಕಳೆದ ವರ್ಷ ಮಳೆ ಬಿಟ್ಟ ಮೇಲೆ ನೋಡಿದರೆ ಒಂದು ಫಲಕ ಕಾಣೆಯಾಗಿತ್ತು. ಹೊಳೆ ಕೊಂಡುಹೋಯಿತೋ ಯಾರಾದರೂ ಎತ್ತಿಕೊಂಡರೋ ದೇವರಿಗೇ ಗೊತ್ತು. ಆ ಭಾನುವಾರದ ನನ್ನ ಸುಳ್ಳು ಇದು. "ಕಾಣೆಯಾಗಿದ್ದ ಶಿಲಾಫಲಕ ಪತ್ತೆ. ನಾಯಕರ ಮನೆಯ ಹಿತ್ತಿಲಿನಲ್ಲಿ ಬಟ್ಟೆ ಒಗೆಯುವ ಕಲ್ಲಾಗಿ ಅದು ತನ್ನ ಜನಸೇವೆಯನ್ನು ಮುಂದುವರಿಸಿದೆ. ನಾಯಕರ ಅಂಗಿ ಅಷ್ಟು ಬೆಳ್ಳಗಿರುವುದರ ಕಾರಣ ಈಗ ತಿಳಿದುಬಂದಿದೆ." ಕೊನೆಗೆ ವಾಡಿಕೆಯಂತೆ, ಇದೇ ಈ ವಾರದ ಸುಳ್ಳೆಂದು ಹೇಳಿದೆ. ಬೇಕಾದರೆ ಈಗಲೂ ಪೂರ್ತಿ ಕಾರ್ಯಕ್ರಮ ನೋಡಬಹುದು, ಹೇಳಿದ್ದೇನೆ.

ಪೂರ್ತಿ ನೋಡುವ ತಾಳ್ಮೆ ಯಾರಿಗಿದೆ? ಆ ಒಂದು ವಾರ್ತೆಯನ್ನು ಮಾತ್ರ ಯಾರೋ ಕತ್ತರಿಸಿ ವಾಟ್ಸಾಪಿನಲ್ಲಿ ಬಿಟ್ಟರು. ಕೋಟು ಹಾಕಿ, ಮುಖ ಗಂಟು ಹಾಕಿಕೊಂಡು, ಚೆಂದವಾಗಿ ಓದುವ ನಾನು. ಎರಡು ದಿನದಲ್ಲಿ ಅದು ಸುಳ್ಯ, ಕಡಬ, ಪುತ್ತೂರು ಎಲ್ಲ ಸುತ್ತಿ, ಗಲ್ಫಿನಲ್ಲಿರುವ ಬ್ಯಾರಿ ಅಕ್ಕನ ಮಗನ ಫೋನಿನಿಂದ ತಿರುಗಿ ನಮ್ಮ ಜಗಲಿಗೇ ಬಂತು. ಸುಳ್ಳು ಜಗಲಿ ಇಳಿದಿತ್ತು. ಈ ಸಲ ಮನೆಮನೆಗೆ ಹೋಗಿ ಹೇಳಲು ಮನೆಗಳು ಎಷ್ಟೆಂದೇ ಗೊತ್ತಿರಲಿಲ್ಲ.

ಮೂರನೇ ದಿನ ನಾಯಕರೇ ಫೋನ್ ಮಾಡಿದರು. ಕೂಗಾಡುತ್ತಾರೆಂದು ಎಣಿಸಿದ್ದೆ. ಅವರ ಸ್ವರ ಮೆತ್ತಗಿತ್ತು.

"ನಿಮ್ಮ ಕಾರ್ಯಕ್ರಮ ನಾನು ನೋಡುದುಂಟು ಮಾರಾಯ್ರೆ. ಲಾಯ್ಕ ಮಾಡ್ತೀರಿ. ಆದರೆ ನಿನ್ನೆ ಇಬ್ಬರು ನಮ್ಮ ಕಂಪೌಂಡು ಹಾರಿ ಹಿತ್ತಿಲಿನ ಕಲ್ಲಿನ ಫೋಟೋ ತೆಗೀಲಿಕ್ಕೆ ಬಂದಿದ್ರು. ನನ್ನ ಹೆಂಡತಿ ಬಟ್ಟೆ ಒಗೀತಾ ಇದ್ದಳು. ಈಗ ಅವಳು ಹಿತ್ತಿಲಿಗೆ ಹೋಗುದಿಲ್ಲ."

ನನಗೆ ನಾಚಿಕೆಯಾಯಿತು. ಆ ಹೆಂಗಸಿನ ಬಗ್ಗೆ ನಾನು ಯೋಚಿಸಿಯೇ ಇರಲಿಲ್ಲ. "ತಪ್ಪಾಯಿತು" ಎಂದೆ. "ಮುಂದಿನ ವಾರವೇ ಹೇಳುತ್ತೇನೆ, ಅದು ನನ್ನ ಕಟ್ಟುಕತೆ ಅಂತ."

"ಟಿವಿಯಲ್ಲಿ ಬೇಡ. ಅದನ್ನೂ ತಮಾಷೆ ಅಂತಲೇ ತಿಳ್ಕೊಳ್ತಾರೆ" ಎಂದರು. "ದೈವಸ್ಥಾನಕ್ಕೆ ಬನ್ನಿ. ಪ್ರಮಾಣ ಮಾಡುವ."

ನಮ್ಮ ಕಡೆ ಇದು ಹೊಸತಲ್ಲ. ಜಾಗದ ಗಡಿ ಇರಲಿ, ಕಳವಿನ ಮಾತಿರಲಿ, ಕೋರ್ಟಿನಲ್ಲಿ ಮುಗಿಯದ್ದು ದೈವದ ಎದುರು ಮುಗಿಯುತ್ತದೆ. ದೀಪದ ಮುಂದಿನ ತೆಂಗಿನಕಾಯಿಯ ಮೇಲೆ ಕೈ ಇಟ್ಟು ಹೇಳಿದ ಮಾತಿಗೆ ತಿದ್ದುಪಡಿ ಇಲ್ಲ. ಈಚೆಗೆ ರಾಜಕೀಯದವರೂ ಇದನ್ನು ಕಲಿತಿದ್ದಾರೆ. ಆರೋಪ ಮಾಡಿದವನನ್ನು ಪ್ರಮಾಣಕ್ಕೆ ಬಾ ಎಂದು ಕರೆಯುವುದು, ಬಂದರೆ ಬಂದ, ಬರದಿದ್ದರೆ ಸುಳ್ಳುಗಾರ. ಆದರೆ ಲೇವಡಿ ಮಾಡಿದವನನ್ನು ಪ್ರಮಾಣಕ್ಕೆ ಕರೆದದ್ದನ್ನು ನಾನು ಅದೇ ಮೊದಲು ಕಂಡದ್ದು. ನಗಿಸಲು ಹೇಳಿದ ಮಾತಿಗೆ ಯಾವ ಕೈಯಿಂದ ಆಣೆ ಇಡುವುದು?

ಅವರ ವಿರೋಧಿಗಳು ಮರುದಿನವೇ ಮನೆಗೆ ಬಂದರು. ಜಗಲಿಯಲ್ಲಿ ಚಪ್ಪಲಿಗಳ ರಾಶಿ. "ನೀವು ಹೋಗಿ, ಪ್ರಮಾಣ ಮಾಡಿ. ಕಲ್ಲು ಅವರ ಹಿತ್ತಿಲಲ್ಲಿ ಉಂಟು ಅಂತ ಹೇಳಿ. ನಾವೆಲ್ಲ ಬೈಕಿನಲ್ಲಿ ಬರ್ತೇವೆ" ಎಂದರು.

"ಇಲ್ಲ ಮಾರಾಯ್ರೆ, ಅದು ನಾನೇ ಮಾಡಿದ್ದು" ಎಂದೆ.

"ಇಲ್ಲದ್ದನ್ನು ನೀವು ಹೇಳುವವರಲ್ಲ. ನಮಗೆ ಗೊತ್ತುಂಟು."

ನನ್ನನ್ನು ಇಷ್ಟು ನಂಬುವವರು ಇದ್ದಾರೆಂದು ನನಗೆ ಗೊತ್ತೇ ಇರಲಿಲ್ಲ. ಒಂದು ಕಡೆಯವರಿಗೆ ನಾನು ಸುಳ್ಳುಗಾರ ಆಗಬೇಕು, ಇನ್ನೊಂದು ಕಡೆಯವರಿಗೆ ಸಾಕ್ಷಿ ಆಗಬೇಕು. ನಗುವವರು ಯಾರೂ ಉಳಿದಿರಲಿಲ್ಲ. ಚಾನೆಲ್ಲಿನ ಯಜಮಾನರು, "ಇದನ್ನು ಮುಗಿಸಿ ಬಾ, ಅಲ್ಲಿವರೆಗೆ ಭಾನುವಾರ ಬೇರೆ ಎಂತಾದರೂ ಹಾಕ್ತೇವೆ" ಎಂದರು. ಆ ಭಾನುವಾರ ನನ್ನ ಹೊತ್ತಿನಲ್ಲಿ ಯಾವುದೋ ಮದುವೆಯ ವೀಡಿಯೋ ಹಾಕಿದರು. ಅದನ್ನು ನಾನು ಕೂತು ಪೂರ್ತಿ ನೋಡಿದೆ.

ಅಮ್ಮನಿಗೆ ಪ್ರಮಾಣ ಎಂಬ ಮಾತು ಕೇಳಿದರೇ ನಡುಕ. ಅವರ ಅಣ್ಣ, ನನ್ನ ಸೋದರಮಾವ, ಹಿಂದೆ ಒಂದು ತೋಡಿನ ನೀರಿನ ಜಗಳದಲ್ಲಿ ಕಾಯಿಯ ಮೇಲೆ ಕೈ ಇಟ್ಟು ಇಲ್ಲದ್ದನ್ನು ಹೇಳಿದ್ದರಂತೆ. ಎರಡು ಮಳೆಗಾಲ ಕಳೆಯುವುದರೊಳಗೆ ಅವರ ಕಣ್ಣು ಹೋಯಿತು. ಡಾಕ್ಟರು ಸಕ್ಕರೆ ಕಾಯಿಲೆ ಎಂದರು. ಅಮ್ಮ ಡಾಕ್ಟರ ಮಾತಿಗೆ ತಲೆಯಾಡಿಸಿ, ಮನೆಗೆ ಬಂದು ದೀಪ ಹಚ್ಚಿದರು. ಕೊನೆಯವರೆಗೂ ಮಾವನಿಗೆ ಊಟ ಬಡಿಸಿ, ಬಟ್ಟಲಿನ ಮೇಲೆ ಅವರ ಕೈಯನ್ನು ಹಿಡಿದು ಇರಿಸಿದ್ದು ಅಮ್ಮನೇ. ನಾನು ಇಂಥದ್ದನ್ನೆಲ್ಲ ನಂಬುವವನಲ್ಲ ಎಂದು ಊರಿಗೆಲ್ಲ ಹೇಳಿಕೊಂಡು ತಿರುಗುತ್ತೇನೆ. ಆದರೆ ಅಮ್ಮನ ಎದುರು ಆ ಮಾತನ್ನು ಇವತ್ತಿಗೂ ಹೇಳಿಲ್ಲ.

ನಾಲ್ಕು ದಿನ ಅಮ್ಮ ಸರಿಯಾಗಿ ಉಣ್ಣಲಿಲ್ಲ. ಐದನೇ ದಿನ ಬೆಳಿಗ್ಗೆ, ಬೀಡಿ ಎಲೆ ಕತ್ತರಿಸುತ್ತಾ, ದಾರಿ ತೋರಿಸಿದವರು ಅವರೇ.

"ನೀನು ಹೋಗು. ಅದು ನಾನು ಮಾಡಿದ ಸುಳ್ಳು ಅಂತ ಕೈ ಇಟ್ಟು ಹೇಳು. ಅದು ನಿಜವೇ ಅಲ್ವಾ? ನಿಜಕ್ಕೆ ಹೆದರ್ಲಿಕ್ಕಿಲ್ಲ. ಅಷ್ಟು ಹೇಳಿ ಕೈ ತೆಗೆ. ಬೇರೆ ಒಂದು ಅಕ್ಷರ ಹೇಳಬೇಡ."

ಎಷ್ಟು ಸುಲಭವಿತ್ತು. ಕಾನೂನು ಗೊತ್ತಿದ್ದವರು, ಪಕ್ಷದವರು, ನಾನು, ಯಾರಿಗೂ ಹೊಳೆಯದ್ದು ಅಮ್ಮನಿಗೆ ಹೊಳೆದಿತ್ತು. ಚಿಕ್ಕಂದಿನಲ್ಲಿ ಮನೆಮನೆಗೆ ಕರೆದುಕೊಂಡು ಹೋಗಿ ಹೇಳಿಸಿದ್ದೂ ಇದನ್ನೇ. ನಾಯಕರಿಗೆ ಫೋನ್ ಮಾಡಿ, ಇಷ್ಟು ಹೇಳುತ್ತೇನೆ ಎಂದೆ. "ಅಷ್ಟೇ ಸಾಕು ಮಾರಾಯ್ರೆ, ಬನ್ನಿ" ಎಂದರು. ಅಮ್ಮ ಅವತ್ತು ಎರಡು ಸಲ ಅನ್ನ ಹಾಕಿಸಿಕೊಂಡರು.

ಪ್ರಮಾಣದ ದಿನ ಬೆಳಿಗ್ಗೆ ಹತ್ತರ ಹೊತ್ತಿಗೆ ದೈವಸ್ಥಾನದ ಅಂಗಳ ತುಂಬಿತ್ತು. ಒಂದು ಕಡೆ ಇವರು, ಒಂದು ಕಡೆ ಅವರು, ನಡುವೆ ಎತ್ತಿದ ಫೋನುಗಳು. ಮೊದಲು ನಾಯಕರು ಕಾಯಿಯ ಮೇಲೆ ಕೈ ಇಟ್ಟು, ಆ ಕಲ್ಲನ್ನು ನಾನು ತೆಗೆದಿಲ್ಲ ಎಂದರು. ಭಾಷಣಕ್ಕೆ ನಿಂತರೆ ತಡೆಯಿಲ್ಲದೆ ಮಾತಾಡುವವರು ಅಷ್ಟು ಹೇಳಲು ತಡವರಿಸಿದರು. ಅವರು ನಿಜ ಹೇಳುತ್ತಿದ್ದಾರೆ ಎಂದು ನನಗೆ ಖಂಡಿತವಾಯಿತು. ಆಮೇಲೆ ದೈವಸ್ಥಾನದ ಹಿರಿಯರು ನನ್ನನ್ನು ಕರೆದರು. ನಾನು ಕೈ ಇಟ್ಟೆ. ಕಾಯಿ ತಣ್ಣಗಿತ್ತು.

ಅಷ್ಟರಲ್ಲಿ ನಾಯಕರ ಕಡೆಯವನೊಬ್ಬ ಬಂದು, ಇನ್ನೊಂದು ಕೈಗೆ ಒಂದು ಟೈಪು ಮಾಡಿದ ಕಾಗದ ಕೊಟ್ಟ. "ಬಾಯಲ್ಲಿ ಹೇಳಿದ್ರೆ ತಪ್ಪಿ ಹೋಗ್ತದೆ. ಬರ್ದು ತಂದದ್ದುಂಟು, ಓದಿದ್ರೆ ಸಾಕು. ನೀವು ಓದುವವರಲ್ವಾ?"

ಓದುವವನೇ. ಅಲ್ಲೇ ನಾನು ಸಿಕ್ಕಿಬಿದ್ದದ್ದು. ಐದನೇ ತರಗತಿಯಿಂದ ಇವತ್ತಿನವರೆಗೆ ಯಾರಾದರೂ ಕೈಗೆ ಕಾಗದ ಕೊಟ್ಟರೆ ನಾನು ಓದಿಬಿಡುತ್ತೇನೆ. ಮೊದಲು ಒಮ್ಮೆ ಮನಸ್ಸಿನಲ್ಲಿ ಓದಿ ನೋಡುವ ಅಭ್ಯಾಸವೇ ನನಗಿಲ್ಲ. ಕಣ್ಣಿಗೆ ಬಿದ್ದದ್ದು ಬಾಯಿಗೆ ಬರುತ್ತದೆ. ಕ್ಯಾಮೆರಾದ ಮುಂದೆ ಅದನ್ನೇ ಎಲ್ಲರೂ ಹೊಗಳುತ್ತಿದ್ದರು.

ಕಾಗದದಲ್ಲಿ ನಾಲ್ಕು ವಾಕ್ಯ ಇತ್ತು. ಶಿಲಾಫಲಕದ ಕುರಿತು ನಾನು ಹೇಳಿದ್ದು ನನ್ನ ಕಟ್ಟುಕತೆ, ಎಂಬುದು ಮೊದಲನೆಯದು. ಅದನ್ನು ಓದುವಾಗ 'ಶಿಲಾಫಲಕ' ಎಂಬಲ್ಲಿ ಎಡವಿ ಎರಡು ಸಲ ಹೇಳಿದೆ. ಎರಡನೆಯದು, ವಿರೋಧ ಪಕ್ಷದವರ ಕುಮ್ಮಕ್ಕಿನಿಂದ ನಾನು ಹಾಗೆ ಹೇಳಿದೆ, ಎಂದಿತ್ತು. ಅರ್ಧ ಓದುವಾಗಲೇ ಇದು ನನ್ನ ಮಾತಲ್ಲ ಎಂದು ತಿಳಿಯಿತು. ತಿಳಿದರೂ ವಾಕ್ಯದ ನಡುವೆ ನಿಲ್ಲಿಸಲಿಲ್ಲ. ನಿಲ್ಲಿಸಿದರೆ ಎಲ್ಲ ಫೋನುಗಳಲ್ಲಿ ಅದೇ ಉಳಿಯುತ್ತದೆ, ಚಾನೆಲ್ಲಿನ ಬಾಗಿಲು ಮುಚ್ಚಿತು, ಎಂಬ ಲೆಕ್ಕ ಆ ಒಂದು ಉಸಿರಿನಲ್ಲೇ ಹಾಕಿದೆ. ಅಭ್ಯಾಸಬಲ ಎಂದು ಪೂರ್ತಿ ಅದರ ಮೇಲೆ ಹಾಕಲು ನನಗೆ ಬಾಯಿಲ್ಲ. ಸೇತುವೆಗಾಗಿ ನಾಯಕರು ಹಗಲಿರುಳು ದುಡಿದಿದ್ದಾರೆ, ಎಂಬುದು ಮೂರನೆಯದು. ಯಾರ ಒತ್ತಡವೂ ಇಲ್ಲದೆ ಸ್ವಇಚ್ಛೆಯಿಂದ ಕ್ಷಮೆ ಕೇಳುತ್ತಿದ್ದೇನೆ, ಎಂಬುದು ನಾಲ್ಕನೆಯದು. ಎಲ್ಲೂ ಎಡವಲಿಲ್ಲ. ಎಲ್ಲಿ ನಿಲ್ಲಿಸಬೇಕೋ ಅಲ್ಲಿ ನಿಲ್ಲಿಸಿ, ಎಲ್ಲಿ ಎತ್ತಬೇಕೋ ಅಲ್ಲಿ ಎತ್ತಿ ಓದಿದೆ.

ಓದಿ ಮುಗಿಸಿದ ಮೇಲೆ ನನ್ನ ಕೈ ಇನ್ನೂ ಕಾಯಿಯ ಮೇಲೆಯೇ ಇರುವುದನ್ನು ನೋಡಿದೆ. ನಾಯಕರು ಬಂದು ಹೆಗಲಿಗೆ ಕೈ ಹಾಕಿದರು. "ಮುಗೀತಲ್ಲ, ಇನ್ನು ನೀವು ನಮ್ಮವರೇ" ಎಂದರು. ಅಂಗಳದ ಆ ಬದಿಯಲ್ಲಿದ್ದವರು ಬೈಕು ತಿರುಗಿಸಿದರು. ಯಾರೋ ನಕ್ಕದ್ದೂ ಕೇಳಿಸಿತು, ನಾನು ಎಂದಿನ ಹಾಗೆ ಏನೋ ತಮಾಷೆ ಮಾಡಿದೆನೆಂದು ಎಣಿಸಿರಬೇಕು.

ಕಡಬದಿಂದ ಪುತ್ತೂರಿಗೆ ಬಸ್ಸಿನಲ್ಲಿ ಬಂದೆ. ಅಮ್ಮನಿಗೆ ಮೊದಲನೇ ವಾಕ್ಯ ಮಾತ್ರ ಹೇಳಿದರಾಯಿತು ಎಂದು ದಾರಿಯುದ್ದಕ್ಕೂ ಅಂದುಕೊಂಡೆ. ಹೇಗೆ ಹೇಳುವುದು, ಯಾವ ಸ್ವರದಲ್ಲಿ ಹೇಳುವುದು ಎಂದು ಸಿದ್ಧಮಾಡಿಕೊಂಡೆ. ಮನೆಗೆ ಬಂದರೆ, ಜಗಲಿಯಲ್ಲಿ ಅಮ್ಮ, ಬ್ಯಾರಿ ಅಕ್ಕ ಇಬ್ಬರೇ. ಇಬ್ಬರ ನಡುವೆ ಹೊಗೆಸೊಪ್ಪಿನ ಡಬ್ಬಕ್ಕೆ ಒರಗಿಸಿಟ್ಟ ಅಕ್ಕನ ಫೋನು. ನನಗಿಂತ ಮೊದಲೇ ನಾನು ಮನೆ ತಲುಪಿದ್ದೆ. ಅಕ್ಕ ನನ್ನನ್ನು ಕಂಡದ್ದೇ, "ಮನೆಯಲ್ಲಿ ಕೆಲಸ ಉಂಟು" ಎಂದು ಮೊರ ಎತ್ತಿಕೊಂಡು ಎದ್ದು ಹೋದರು. ಅಷ್ಟು ವರ್ಷಗಳಲ್ಲಿ ಅವರು ಹಾಗೆ ಎದ್ದು ಹೋದದ್ದು ನನಗೆ ನೆನಪಿಲ್ಲ.

ನಾನು ಮೆಟ್ಟಿಲಲ್ಲಿ ಕೂತೆ. ಅಮ್ಮನ ಕೈ ನಿಂತಿರಲಿಲ್ಲ. ಒಂದು ಬೀಡಿ ಸುತ್ತಿ, ತುದಿ ಮಡಚಿ, ನೂಲು ಕಟ್ಟಿದರು. ಇನ್ನೊಂದು ಎಲೆ ತೆಗೆದುಕೊಂಡರು.

"ಮೊದಲನೇದು ಎಡವಿ ಎಡವಿ ಓದಿದ್ದಿ" ಎಂದರು.

ಎಲೆಗೆ ಹೊಗೆಸೊಪ್ಪು ಹಾಕಿ ಸುತ್ತಿದರು.

"ಮತ್ತಿನ ಮೂರೂ ಚೆಂದ ಓದಿದ್ದಿ, ಮಗಾ."

ಅಂಗಳದಲ್ಲಿ ಕೋಳಿ ಕೆದಕುತ್ತಿತ್ತು, ನಾನು ಅದನ್ನೇ ನೋಡುತ್ತ ಕೂತೆ. ಅಳು ಬರುತ್ತದೆಂದು ಹೆದರಿದೆ, ಬರಲಿಲ್ಲ. ಅಮ್ಮ ಕೊನೆಗೆ ಮೊರವನ್ನು ಮಡಿಲಿನಿಂದ ಕೆಳಗೆ ಇಟ್ಟರು.

"ಓದುವಾಗ ಕೈ ಕಾಯಿ ಮೇಲೆ ಇತ್ತಾ? ಜನ ಅಡ್ಡ ನಿಂತಿದ್ರು, ಫೋನಿನಲ್ಲಿ ಸರಿ ಕಾಣ್ಲಿಲ್ಲ."

ಅಮ್ಮ ಕೇಳಿದ ರೀತಿಯಲ್ಲೇ ಉತ್ತರ ಇತ್ತು. ಇರಲಿಲ್ಲ, ಮೊದಲನೇ ವಾಕ್ಯಕ್ಕೇ ತೆಗೆದಿದ್ದೆ ಎಂದರೆ ಮುಗಿಯಿತು. ಆ ರಾತ್ರಿ ಅವರು ಮಲಗುತ್ತಿದ್ದರು. ಅಂಥ ಮಾತನ್ನು ಚೆಂದವಾಗಿ ಹೇಳಲು ನನಗಿಂತ ಚೆನ್ನಾಗಿ ಈ ಮೂರು ತಾಲೂಕಿನಲ್ಲಿ ಯಾರಿಗೂ ಬರುವುದಿಲ್ಲ. ಆದರೆ ಚೆಂದವಾಗಿ ಹೇಳಿದರೆ ಅಮ್ಮನಿಗೆ ಗೊತ್ತಾಗುತ್ತದೆ.

"ಇ... ಇತ್ತು" ಎಂದೆ. ಎರಡಕ್ಷರದ ಮಾತಿನಲ್ಲಿ ನಾಲಗೆ ಎಡವಿತು.

ಅಮ್ಮ ನನ್ನ ಬಲಗೈಯನ್ನು ನೋಡಿದರು. ಆಮೇಲೆ ಅದನ್ನು ಹಿಡಿದು, ಮಾವನ ಕೈಯನ್ನು ಹಿಡಿಯುತ್ತಿದ್ದ ಹಾಗೆಯೇ, ತಮ್ಮ ಮಡಿಲಿನಲ್ಲಿ ಇಟ್ಟುಕೊಂಡರು.